‘ಸೇವಟ್ಟ’ ಶಬ್ದವಿಚಾರ: ಆರನೆಯ ಸಂಹನನದ ಹೆಸರನ್ನು ಕುರಿತು

ಜೈನ ಪಾಠಶಾಲೆಗಳಲ್ಲಿ ನಾಮಕರ್ಮದ ಪ್ರಕೃತಿಗಳನ್ನು ಬಾಯಿಪಾಠ ಮಾಡಿದವರಿಗೆಲ್ಲ ಆರು ಸಂಹನನಗಳ ಹೆಸರು ಪರಿಚಿತವಾದುದೇ. ವಜ್ರವೃಷಭನಾರಾಚ, ವಜ್ರನಾರಾಚ, ನಾರಾಚ, ಅರ್ಧನಾರಾಚ, ಕೀಲಿಕಾ ಎಂದು ಐದನ್ನು ಸರಾಗವಾಗಿ ಒಪ್ಪಿಸುವ ಹುಡುಗನು ಆರನೆಯದಕ್ಕೆ ಬಂದಾಗ ತಪ್ಪದೆ ಎಡವುತ್ತಾನೆ. ‘ಅಸಂಪ್ರಾಪ್ತಾಸೃಪಾಟಿಕಾ’ ಎಂಬ ಈ ಮಾತು ನಾಲಗೆಗೆ ಎಷ್ಟು ತೊಡಕೋ ಬುದ್ಧಿಗೂ ಅಷ್ಟೇ ತೊಡಕು. ಗುರುಗಳನ್ನು ಕೇಳಿದರೆ ‘ಎಲುಬುಗಳು ಒಂದಕ್ಕೊಂದು ಕೂಡದೆ ನರಗಳಿಂದ ಬಿಗಿದಿರುವುದು’ ಎಂದು ಅರ್ಥ ಹೇಳುತ್ತಾರೆ. ಆ ಅರ್ಥ ಸರಿಯಾದುದೇ. ಆದರೆ ಆ ಶಬ್ದದಿಂದ ಆ ಅರ್ಥ ಹೇಗೆ ಹೊರಟಿತೆಂದು ಮುಂದುವರಿದು ಕೇಳಿದರೆ ಉತ್ತರ ದೊರೆಯುವುದಿಲ್ಲ, ಅಥವಾ ಮೂರು ನಾಲ್ಕು ಉತ್ತರಗಳು ಒಟ್ಟಿಗೆ ದೊರೆಯುತ್ತವೆ. ಹಾಗೆ ನೋಡಿದರೆ ಈ ಆರರಲ್ಲಿ ನಮಗೆ ತೀರ ಹತ್ತಿರದ ಹೆಸರು ಇದೊಂದೇ. ಈ ದುಃಷಮ ಕಾಲದಲ್ಲಿ ನಮಗೆ ದೊರೆತಿರುವ ಶರೀರದ ಬಂಧ ಇದೇ ಎಂದು ಪರಂಪರೆ ಹೇಳುತ್ತದೆ. ನಮ್ಮ ಮೈಯ ಹೆಸರೇ ನಮಗೆ ಅರ್ಥವಾಗದಿರುವುದು ವಿಚಿತ್ರ.

ಈಚೆಗೆ ಅಚ್ಚಾಗುತ್ತಿರುವ ಕೆಲವು ಕನ್ನಡ ಅನುವಾದಗಳಲ್ಲಿಯೂ ಪ್ರವಚನಗಳ ಸಂಗ್ರಹಗಳಲ್ಲಿಯೂ ಈ ಶಬ್ದಕ್ಕೆ ಮೂರು ಬಗೆಯ ವಿವರಣೆ ಕಾಣುತ್ತದೆ. ‘ಹಕ್ಕಿಯ ಕೊಕ್ಕಿನಂತೆ ಸಡಿಲವಾದ ಸಂಧಿ’ ಎಂಬುದು ಒಂದು. ‘ಸದಾ ಎಣ್ಣೆ ನೀವುವುದೇ ಮೊದಲಾದ ಸೇವೆಯನ್ನು ಬೇಡುವ ರೋಗಿಷ್ಠ ಶರೀರ’ ಎಂಬುದು ಮತ್ತೊಂದು. ‘ಸೃಪಾಟಿಕೆಯನ್ನು ಪಡೆಯದಿರುವ ಎಲುಬುಳ್ಳದ್ದು’ ಎಂಬುದು ಮೂರನೆಯದು. ಮೂರೂ ಒಂದೇ ಮೂಲದಿಂದ ಬಂದವಲ್ಲ, ಮೂರೂ ಒಟ್ಟಿಗೆ ಸರಿಯಾಗುವುದೂ ಸಾಧ್ಯವಿಲ್ಲ. ಇವುಗಳಲ್ಲಿ ಯಾವುದೂ ನಿಲ್ಲುವುದಿಲ್ಲವೆಂದೂ, ಈ ಶಬ್ದದ ಮೂಲವನ್ನು ಸಂಸ್ಕೃತದ ‘ಸೃಪಾಟಿಕಾ’ದಲ್ಲಿ ಅಲ್ಲದೆ ಪ್ರಾಕೃತದ ‘ಸೇವಟ್ಟ’ದಲ್ಲಿ ಹುಡುಕಬೇಕೆಂದೂ ತೋರಿಸುವುದು ಈ ಲೇಖನದ ಉದ್ದೇಶ.

ಮೊದಲು ಆಕರಗಳನ್ನು ನೋಡೋಣ. ಷಟ್ಖಂಡಾಗಮದ ಜೀವಟ್ಠಾಣದ ಚೂಲಿಕೆಯಲ್ಲಿ ಶರೀರಸಂಘಡಣ ನಾಮಕರ್ಮದ ಆರು ಭೇದಗಳನ್ನು ಹೇಳಿದೆ. ಅಲ್ಲಿ ಆರನೆಯದರ ಹೆಸರು ‘ಅಸಂಪತ್ತಸೇವಟ್ಟ’. ವರ್ಗಣಾಖಂಡದ ಪಯಡಿ ಅಣುಯೋಗದ್ವಾರದಲ್ಲಿಯೂ ಈ ಪಟ್ಟಿ ಬರುತ್ತದೆ. ಶ್ವೇತಾಂಬರ ಆಗಮಗಳಲ್ಲಿ, ಉದಾಹರಣೆಗೆ ಠಾಣಾಂಗದ ಆರನೆಯ ಸ್ಥಾನದಲ್ಲಿ, ಇದೇ ಸಂಹನನಕ್ಕೆ ‘ಛೇವಟ್ಟ’ ಎಂದು ಹೆಸರು. ಇನ್ನು ಸಂಸ್ಕೃತಕ್ಕೆ ಬಂದರೆ, ತತ್ತ್ವಾರ್ಥಾಧಿಗಮಭಾಷ್ಯವು ‘ಸೃಪಾಟಿಕಾ’ ಎಂದಷ್ಟೇ ಹೇಳುತ್ತದೆ. ಪೂಜ್ಯಪಾದರ ಸರ್ವಾರ್ಥಸಿದ್ಧಿಯಲ್ಲಿಯೂ ಅಕಲಂಕರ ರಾಜವಾರ್ತಿಕದಲ್ಲಿಯೂ ‘ಅಸಂಪ್ರಾಪ್ತಾಸೃಪಾಟಿಕಾ’ ಎಂಬ ಉದ್ದದ ರೂಪವಿದೆ. ಶ್ವೇತಾಂಬರ ವ್ಯಾಖ್ಯಾನಕಾರರಲ್ಲಿ ‘ಸೇವಾರ್ತ’, ‘ಛೇದವೃತ್ತ’, ‘ಛೇದಸ್ಪೃಷ್ಟ’ ಎಂಬ ಛಾಯೆಗಳು ಬಳಕೆಗೆ ಬಂದಿವೆ. ಪ್ರಾಕೃತದಲ್ಲಿ ಆದಿವರ್ಣ ಮಾತ್ರ ಬೇರೆಯಾದ ಒಂದೇ ಶಬ್ದ, ಸಂಸ್ಕೃತದಲ್ಲಿ ಒಂದಕ್ಕೊಂದು ಸಂಬಂಧವೇ ಇಲ್ಲದ ನಾಲ್ಕು ಶಬ್ದ! ಈ ಒಂದು ಸಂಗತಿಯೇ ಯಾವುದು ಮೊದಲಿನದು, ಯಾವುದು ಆಮೇಲಿನದು ಎಂಬುದನ್ನು ಹೆಚ್ಚುಕಡಿಮೆ ನಿರ್ಣಯಿಸಿಬಿಡುತ್ತದೆ. ಮೂಲವು ‘ಸೃಪಾಟಿಕಾ’ ಆಗಿದ್ದಿದ್ದರೆ ಉಳಿದ ಛಾಯೆಗಳು ಹುಟ್ಟಲು ಕಾರಣವೇ ಇರಲಿಲ್ಲ. ಅರ್ಥ ಮರೆಯಾದ ಒಂದು ಪ್ರಾಕೃತ ಶಬ್ದಕ್ಕೆ ಬೇರೆ ಬೇರೆ ಆಚಾರ್ಯರು ಬೇರೆ ಬೇರೆಯಾಗಿ ಸಂಸ್ಕೃತರೂಪ ಕಲ್ಪಿಸಿದರೆಂಬುದೇ ಸಹಜವಾದ ಊಹೆ.

ಧ್ವನಿನಿಯಮಗಳೂ ಇದನ್ನೇ ಹೇಳುತ್ತವೆ. ‘ಸೃಪಾಟಿಕಾ’ ಎಂಬುದು ಪ್ರಾಕೃತಕ್ಕೆ ಇಳಿದರೆ ಋಕಾರಕ್ಕೆ ಇಕಾರ, ಪಕಾರಕ್ಕೆ ವಕಾರ, ಸ್ವರಗಳ ನಡುವಣ ಟಕಾರಕ್ಕೆ ಡಕಾರ ಬಂದು ‘ಸಿವಾಡಿಯಾ’ ಎಂಬಂಥ ರೂಪವಾಗಬೇಕು. ವಾಟಿಕಾ ಎಂಬುದು ವಾಡಿಯಾ ಆಗುವುದು ಎಲ್ಲರೂ ಬಲ್ಲ ವಿಷಯ. ‘ಸೇವಟ್ಟ’ದ ಏಕಾರವೂ ಅದಕ್ಕಿಂತ ಹೆಚ್ಚಾಗಿ ಆ ಟಕಾರದ ದ್ವಿತ್ವವೂ ಸೃಪಾಟಿಕೆಯಿಂದ ಬರಲಾರವು. ಇಕಾರ ಏಕಾರವಾಗುವುದು ಪಿಂಡ-ಪೆಂಡಗಳಲ್ಲಿರುವಂತೆ ಮುಂದೆ ಸಂಯುಕ್ತಾಕ್ಷರವಿದ್ದಾಗ. ಇಲ್ಲಿ ಮುಂದೆ ಇರುವುದು ಒಂಟಿ ವಕಾರ. ದ್ವಿತ್ವ ಟಕಾರವು ಪ್ರಾಕೃತದಲ್ಲಿ ಸಾಮಾನ್ಯವಾಗಿ ರೇಫ ಅಥವಾ ಋಕಾರದ ಸಂಪರ್ಕವಿದ್ದ ತಕಾರದಿಂದ ಬರುತ್ತದೆ. ವೃತ್ತದಿಂದ ‘ವಟ್ಟ’, ನಮ್ಮ ಹಳಗನ್ನಡದ ‘ಬಟ್ಟ’ವೂ ಅದೇ. ಆರ್ತದಿಂದ ‘ಅಟ್ಟ’. ಆರ್ತಧ್ಯಾನಕ್ಕೆ ‘ಅಟ್ಟಝಾಣ’ ಎಂದು ಓದಿ ಬಂದ ನಮ್ಮ ಪಂಡಿತರಿಗೆ ಇದನ್ನು ವಿವರಿಸಬೇಕಾಗಿಲ್ಲ. ಆದ್ದರಿಂದ ಧ್ವನಿಯ ದೃಷ್ಟಿಯೊಂದರಿಂದಲೇ ನೋಡಿದರೆ ಸೇವಾ ಮತ್ತು ಆರ್ತ ಸೇರಿದ ‘ಸೇವಾರ್ತ’ವೂ, ಛೇದ ಮತ್ತು ವೃತ್ತ ಸೇರಿದ ‘ಛೇದವೃತ್ತ’ವೂ ನಿಯಮಬದ್ಧ. ಸೃಪಾಟಿಕೆ ಮಾತ್ರ ನಿಯಮಕ್ಕೆ ಹೊರಗೆ ಉಳಿಯುತ್ತದೆ.

ಸಂಸ್ಕೃತ ರೂಪ ಪ್ರಾಚೀನವಾದುದಲ್ಲವೇ, ಭಾಷ್ಯದಲ್ಲಿಯೇ ಇದೆಯಲ್ಲವೇ ಎಂದು ಕೇಳಬಹುದು. ಪ್ರಾಚೀನವೆಂಬುದು ನಿಜ, ಆದರೆ ಪ್ರಾಚೀನವಾದ ಮಾತ್ರಕ್ಕೆ ಮೂಲವಾಗುವುದಿಲ್ಲ. ಕರ್ಮಸಿದ್ಧಾಂತದ ಪರಿಭಾಷೆಯೆಲ್ಲ ಪ್ರಾಕೃತದಲ್ಲಿ ಬೆಳೆದು, ತತ್ತ್ವಾರ್ಥಸೂತ್ರ ಮತ್ತು ಅದರ ಟೀಕೆಗಳ ಕಾಲಕ್ಕೆ ಸಂಸ್ಕೃತದ ಉಡುಗೆ ತೊಟ್ಟಿತು. ಹಾಗೆ ಉಡುಗೆ ತೊಡಿಸುವಾಗ ಆಚಾರ್ಯರು ಬಹುಮಟ್ಟಿಗೆ ಎಚ್ಚರದಿಂದಿದ್ದರು. ಇದಕ್ಕೆ ಇದೇ ಪಟ್ಟಿಯಲ್ಲಿ ಒಂದು ಸೊಗಸಾದ ನಿದರ್ಶನವಿದೆ. ಷಟ್ಖಂಡಾಗಮದ ಸೂತ್ರದಲ್ಲಿ ನಾರಾಚಕ್ಕೆ ಇರುವ ರೂಪ ‘ಣಾರಾಯಣ’. ಕಿವಿಗೆ ಕೇಳಿದಂತೆ ಛಾಯೆ ಬರೆಯುವವನು ‘ನಾರಾಯಣ’ ಎಂದೇ ಬರೆಯಬೇಕಿತ್ತು. ಯಾರೂ ಹಾಗೆ ಬರೆಯಲಿಲ್ಲ. ಏಕೆಂದರೆ ಅಲ್ಲಿ ಅರ್ಥ ಮರೆಯಾಗಿರಲಿಲ್ಲ. ಮೊದಲನೆಯ ಸಂಹನನದ ಸೂತ್ರರೂಪವೂ ಗಮನಾರ್ಹ. ‘ವಜ್ಜರಿಸಹವಇರಣಾರಾಯಣ’ ಎಂಬಲ್ಲಿ ಒಂದೇ ವಜ್ರಶಬ್ದವು ‘ವಜ್ಜ’ ಎಂದೂ ‘ವಇರ’ ಎಂದೂ ಎರಡು ಪ್ರಾಕೃತ ರೂಪಗಳಲ್ಲಿ ಒಂದೇ ಸಮಾಸದೊಳಗೆ ಬಂದಿದೆ. ಇದನ್ನು ಕಂಡೇ ವೀರಸೇನರು ವಜ್ರದ ಗುಣವನ್ನು ಋಷಭಕ್ಕೂ ನಾರಾಚಕ್ಕೂ ಬೇರೆ ಬೇರೆಯಾಗಿ ಅನ್ವಯಿಸಿದರು. ಸಂಸ್ಕೃತದ ‘ವಜ್ರರ್ಷಭನಾರಾಚ’ದಲ್ಲಿ ಎರಡನೆಯ ವಜ್ರ ಕಳೆದುಹೋಗಿದೆ. ‘ರಿಸಹ’ ಎಂಬ ರೂಪವು ಋಷಭದಿಂದಲೇ ಬರುವುದು ಸಹಜ. ವೃಷಭಕ್ಕೆ ವಸಹ, ಉಸಹ ಎಂಬ ರೂಪಗಳು ಪ್ರಸಿದ್ಧ. ಆದಿತೀರ್ಥಂಕರರನ್ನು ಋಷಭ, ವೃಷಭ ಎಂದು ಎರಡು ಬಗೆಯಾಗಿಯೂ ಕರೆಯುವ ರೂಢಿಯಿಂದ ನಮ್ಮವರ ಬಾಯಲ್ಲಿ ಈ ಸಂಹನನವೂ ‘ವಜ್ರವೃಷಭ’ವಾಯಿತೆಂದು ತೋರುತ್ತದೆ. ಅದರಿಂದ ‘ಗೂಳಿಯಂತೆ ಬಲಿಷ್ಠ’ ಎಂಬ ವಿವರಣೆಯೂ ಹುಟ್ಟಿತು. ಆದರೆ ಟೀಕಾಕಾರರ ಪ್ರಕಾರ ಇಲ್ಲಿ ಋಷಭವೆಂದರೆ ಸುತ್ತುಪಟ್ಟಿ. ಧವಳೆ ಅದನ್ನು ವೇಷ್ಟನವೆನ್ನುತ್ತದೆ, ಅಕಲಂಕರು ಆ ಸ್ಥಾನದಲ್ಲಿ ವಲಯಬಂಧನವನ್ನು ಹೇಳುತ್ತಾರೆ. ಗೂಳಿಗೂ ಇದಕ್ಕೂ ಸಂಬಂಧವಿಲ್ಲ. ಈ ವಿಷಯವನ್ನು ಬೇರೆಯಾಗಿಯೇ ಬರೆಯಬೇಕು. ಇಲ್ಲಿ ಇಷ್ಟು ಸಾಕು.

ಈಗ ಸಮಾಸದ ಪ್ರಶ್ನೆ. ‘ಅಸಂಪ್ರಾಪ್ತಾಸೃಪಾಟಿಕಾ’ ಎಂಬುದನ್ನು ಎಲ್ಲಿ ಬಿಡಿಸಬೇಕು? ಅಸಂಪ್ರಾಪ್ತ ಮತ್ತು ‘ಅಸೃಪಾಟಿಕಾ’ ಎಂದು ಬಿಡಿಸಿದವರುಂಟು. ಆಗ ನಡುವಣ ದೀರ್ಘ ಸವರ್ಣದೀರ್ಘಸಂಧಿಯಿಂದ ಬಂದುದೆಂದಾಗಿ ವ್ಯಾಕರಣಕ್ಕೆ ಸುಖವೆನಿಸುತ್ತದೆ. ಆದರೆ ‘ಅಸೃಪಾಟಿಕಾ’ ಎಂಬ ಶಬ್ದ ಸಂಸ್ಕೃತಕ್ಕೆ ಅಪರಿಚಿತ. ರಕ್ತವಾಚಕವಾದ ಅಸೃಜ್ ಶಬ್ದವನ್ನು ತಂದು ಜೋಡಿಸೋಣವೆಂದರೆ ಸಂಧಿಯಲ್ಲಿ ‘ಅಸೃಕ್ಪಾಟಿಕಾ’ ಆಗಬೇಕು. ಕಕಾರ ಎಲ್ಲಿಗೆ ಹೋಯಿತೆಂಬುದಕ್ಕೆ ಉತ್ತರವಿಲ್ಲ. ಭಾಷ್ಯದ ‘ಸೃಪಾಟಿಕಾ’ ಅಕಾರವಿಲ್ಲದ ರೂಪವೇ ಸಾಧುವೆಂದು ಸ್ಪಷ್ಟವಾಗಿ ತೋರಿಸುತ್ತದೆ. ಕರ್ಮಧಾರಯವಾದರೆ ಪೂರ್ವಪದಕ್ಕೆ ಪುಂವದ್ಭಾವ ಬಂದು ‘ಅಸಂಪ್ರಾಪ್ತಸೃಪಾಟಿಕಾ’ ಎಂದು ಹ್ರಸ್ವವಾಗಬೇಕಿತ್ತು. ಆ ರೂಪವೂ ಅಚ್ಚಿನ ಪುಸ್ತಕಗಳಲ್ಲಿ ಇದ್ದೇ ಇದೆ. ದೀರ್ಘವಿರುವ ರೂಪಕ್ಕೆ ನನಗೆ ತೋರುವ ಸಮಾಧಾನವಿಷ್ಟು: ಅಸಂಪ್ರಾಪ್ತಾ ಎಂಬುದೂ ಸೃಪಾಟಿಕಾ ಎಂಬುದೂ ಮೊದಲು ಎರಡು ಬಿಡಿಪದಗಳಾಗಿ ಅಕ್ಕಪಕ್ಕದಲ್ಲಿ ನಿಂತಿದ್ದವು. ಪದಗಳ ನಡುವೆ ಎಡೆ ಬಿಡದೆ ಬರೆಯುವ ಓಲೆಯ ರೂಢಿಯಲ್ಲಿ ಅವು ಒಂದಾಗಿ ಕಂಡವು. ಓದುವವರು ಒಂದು ಸಮಾಸವೆಂದು ತಿಳಿದರು, ದೀರ್ಘ ಹಾಗೆಯೇ ಉಳಿಯಿತು.

ಇದು ಕೇವಲ ಒಂದು ದೀರ್ಘದ ಮಾತಲ್ಲ. ‘ಅಸಂಪ್ರಾಪ್ತ’ ಎಂಬುದು ‘ಸೃಪಾಟಿಕಾ’ವನ್ನು ನಿಷೇಧಿಸುತ್ತದೆಯೇ, ಅಥವಾ ಅದರ ಪಕ್ಕದಲ್ಲಿ ನಿಂತ ಇನ್ನೊಂದು ವಿಶೇಷಣವೇ ಎಂಬ ಮುಖ್ಯ ಪ್ರಶ್ನೆ ಇದರಲ್ಲಿ ಅಡಗಿದೆ. ನಿಷೇಧವೆಂದು ಹಿಡಿದರೆ ‘ಸೃಪಾಟಿಕೆಯನ್ನು ಪಡೆಯದ ಸಂಹನನ’ ಎಂದು ಬಹುವ್ರೀಹಿಯಾಗುತ್ತದೆ. ಮೇಲೆ ಹೇಳಿದ ಮೂರನೆಯ ವಿವರಣೆ ಹುಟ್ಟಿದ್ದು ಇದರಿಂದ. ಮೊದಲ ನೋಟಕ್ಕೆ ಇದು ಬಹಳ ಆಕರ್ಷಕ. ಶ್ವೇತಾಂಬರ ವ್ಯಾಖ್ಯಾನಗಳಲ್ಲಿ ಛೇವಟ್ಟವೆಂದರೆ ಎಲುಬುಗಳ ತುದಿಗಳು ಬರಿದೆ ತಾಗಿಕೊಂಡಿರುವುದು. ನಮ್ಮಲ್ಲಿ ಅಸಂಪ್ರಾಪ್ತ, ಎಂದರೆ ತಾಗಿಯೂ ಇಲ್ಲದಿರುವುದು. ಆದ್ದರಿಂದ ‘ತುದಿ ತಾಗುವಿಕೆಯನ್ನೂ ಪಡೆಯದ್ದು’ ಎಂದು ಎರಡನ್ನೂ ಹೊಂದಿಸಿಬಿಡಬಹುದು. ನಾನೂ ಕೆಲವು ಕಾಲ ಇದನ್ನೇ ನಂಬಿದ್ದೆ. ಆದರೆ ಈ ಕಟ್ಟಡವನ್ನು ಉರುಳಿಸುವ ಸಾಕ್ಷ್ಯವೊಂದು ನಾವು ದಿನವೂ ಓದುವ ಗ್ರಂಥದಲ್ಲಿಯೇ ಇದೆ.

ಗೊಮ್ಮಟಸಾರದ ಕರ್ಮಕಾಂಡದಲ್ಲಿ ನೇಮಿಚಂದ್ರ ಸಿದ್ಧಾಂತಚಕ್ರವರ್ತಿಗಳು ಯಾವ ಸಂಹನನದವರು ಸತ್ತು ಎಲ್ಲಿಯವರೆಗೆ ಹುಟ್ಟಬಲ್ಲರೆಂದು ಹೇಳುವ ಸಂದರ್ಭವನ್ನು ನೆನೆಯಬೇಕು. ಆರನೆಯ ಸಂಹನನದವರು ಮೊದಲ ನಾಲ್ಕು ಕಲ್ಪಯುಗಲಗಳವರೆಗೆ ಏರಬಲ್ಲರು. ನರಕದ ಕಡೆಗೆ ಮೂರನೆಯ ಪೃಥಿವಿಯಾದ ಮೇಘೆಯವರೆಗೆ ಇಳಿಯಬಲ್ಲರು. ಅದರಿಂದ ಕೆಳಗಿನ ಪೃಥಿವಿಗಳಿಗೆ ಈ ಸಂಹನನವನ್ನು ಬಿಟ್ಟವರೇ ಹೋಗುತ್ತಾರೆ. ಈ ಎರಡು ಕಡೆಯಲ್ಲಿಯೂ ಆಚಾರ್ಯರು ಬಳಸಿರುವ ಹೆಸರು ‘ಸೇವಟ್ಟ’ ಎಂದಷ್ಟೇ. ಅಸಂಪತ್ತ ಎಂಬುದು ಅಲ್ಲಿಲ್ಲ. ಅಸಂಪತ್ತವು ಸೇವಟ್ಟದ ನಿಷೇಧವಾಗಿದ್ದರೆ ಅದನ್ನು ಬಿಟ್ಟಾಗ ಅರ್ಥ ತಲೆಕೆಳಗಾಗಬೇಕು. ‘ಅನಾಹಾರಕ’ನನ್ನು ‘ಆಹಾರಕ’ನೆಂದು ಕರೆದಂತೆ ಆಗಬೇಕು. ಛಂದಸ್ಸಿನ ತೊಂದರೆಯಿಂದ ಬಿಟ್ಟಿರಬಹುದೆಂಬ ಸಮಾಧಾನ ಇಲ್ಲಿ ಸಲ್ಲದು. ಛಂದಸ್ಸಿಗಾಗಿ ಸಿದ್ಧಾಂತವನ್ನು ತಿರುವುವ ಕವಿಯಲ್ಲ ಅವರು. ಸೇವಟ್ಟವೇ ಹೆಸರು, ಅಸಂಪತ್ತವು ಅದಕ್ಕೆ ಸೇರಿಸಬಹುದಾದ, ಬೇಕಾದಾಗ ಬಿಡಲೂ ಬಹುದಾದ ವಿಶೇಷಣ ಎಂದು ಭಾವಿಸಿದರೆ ಮಾತ್ರ ಈ ಪ್ರಯೋಗ ಸಂಗತವಾಗುತ್ತದೆ. ಭಾಷ್ಯದಲ್ಲಿ ಸೃಪಾಟಿಕಾ ಒಂಟಿಯಾಗಿರುವುದೂ, ಶ್ವೇತಾಂಬರ ಆಗಮದಲ್ಲಿ ಛೇವಟ್ಟ ಒಂಟಿಯಾಗಿರುವುದೂ ಇದಕ್ಕೆ ಹೊಂದುತ್ತದೆ. ಮೂರು ಬೇರೆ ಬೇರೆ ಕಡೆ, ಮೂರು ಬೇರೆ ಬೇರೆ ಪರಂಪರೆಗಳಲ್ಲಿ, ವಿಶೇಷಣವಿಲ್ಲದೆಯೇ ಹೆಸರು ಪೂರ್ಣವಾಗಿದೆ.

ವೀರಸೇನಾಚಾರ್ಯರ ವಿವರಣೆಯನ್ನು ಈ ಬೆಳಕಿನಲ್ಲಿ ನೋಡಿದರೆ ಅವರ ಓದಿನ ನಿಷ್ಕೃಷ್ಟತೆ ಬೆರಗುಗೊಳಿಸುತ್ತದೆ. ಧವಳೆಯಲ್ಲಿ ಅವರು ಈ ಕರ್ಮದ ಉದಯದಿಂದ ಎಲುಬುಗಳು ಒಂದನ್ನೊಂದು ಮುಟ್ಟದೆ, ಸರೀಸೃಪಗಳ ಎಲುಬುಗಳಂತೆ ಸಿರೆಗಳಿಂದ ಕಟ್ಟಲ್ಪಟ್ಟಿರುತ್ತವೆ ಎನ್ನುತ್ತಾರೆ. ‘ಒಂದನ್ನೊಂದು ಮುಟ್ಟದೆ’ ಎಂಬುದು ಅಸಂಪತ್ತದ ವಿವರಣೆ. ಅಸಂಪ್ರಾಪ್ತಿಗೆ ಕರ್ಮ ಸೇವಟ್ಟವಲ್ಲ, ಇನ್ನೊಂದು ಎಲುಬು! ‘ಸರೀಸೃಪಗಳಂತೆ ಸಿರೆಯಿಂದ ಕಟ್ಟಿದ’ ಎಂಬುದು ಸೇವಟ್ಟದ ವಿವರಣೆ. ಎರಡು ವಿಶೇಷಣ, ಎರಡು ವಿವರಣೆ. ಅಕಲಂಕರೂ ಹೆಚ್ಚುಕಡಿಮೆ ಇದನ್ನೇ ಹೇಳಿದ್ದಾರೆ. ಒಳಗೆ ಎಲುಬುಗಳ ಸಂಧಿ ಪರಸ್ಪರ ಕೂಡಿಲ್ಲ, ಹೊರಗೆ ಸಿರೆ ಸ್ನಾಯು ಮಾಂಸಗಳಿಂದ ಕಟ್ಟಾಗಿದೆ ಎಂಬುದು ಅವರ ಮಾತಿನ ಸಾರ. ಒಳಗಿನದು ಅಸಂಪ್ರಾಪ್ತದಿಂದ, ಹೊರಗಿನದು ಸೃಪಾಟಿಕೆಯಿಂದ. ಇಬ್ಬರ ನಡುವೆ ಇರುವ ಒಂದೇ ವ್ಯತ್ಯಾಸವೆಂದರೆ ವೀರಸೇನರು ತಂದಿರುವ ಸರೀಸೃಪದ ಉಪಮಾನ.

ಆ ಉಪಮಾನ ಎಲ್ಲಿಂದ ಬಂತು? ‘ಸೃಪಾಟಿಕಾ’ ಎಂಬ ಸಂಸ್ಕೃತ ರೂಪದಲ್ಲಿ ಕಾಣುವ ‘ಸೃಪ್’ ಧಾತುವಿನಿಂದ ಎಂಬುದರಲ್ಲಿ ನನಗೆ ಸಂದೇಹವಿಲ್ಲ. ಸೃಪಾಟಿಕಾ ಎಂಬ ರೂಪವನ್ನು ಕಲ್ಪಿಸಿದವರ ಮನಸ್ಸಿನಲ್ಲಿಯೂ ಇದೇ ಧಾತು ಇದ್ದಿರಬೇಕು. ವ್ಯುತ್ಪತ್ತಿಯಾಗಿ ಇದು ನಿಲ್ಲುವುದಿಲ್ಲವೆಂದು ಮೇಲೆ ಕಂಡೆವು. ಆದರೆ ಉಪಮಾನವಾಗಿ ಇದು ಅತ್ಯಂತ ಸಮರ್ಪಕ. ಹೊಲದ ಬದುವಿನಲ್ಲಿ ಸತ್ತುಬಿದ್ದ ಹಾವಿನ ಅಸ್ಥಿಯನ್ನು ನೋಡಿದವರಿಗೆ ಗೊತ್ತಿರುತ್ತದೆ: ನರ ಹಸಿಯಾಗಿರುವವರೆಗೆ ಅದು ಒಂದೇ ಸರ, ನರ ಕೊಳೆತಮೇಲೆ ದಾರ ಹರಿದ ಮಣಿಗಳಂತೆ ಚೆಲ್ಲಾಪಿಲ್ಲಿ. ಪಕ್ಕೆಲುಬುಗಳಿಗೆ ಮುಂದೆ ಎದೆಯೆಲುಬಿನ ಕೂಟವೂ ಇಲ್ಲ. ವೀರಸೇನರ ವ್ಯುತ್ಪತ್ತಿಯನ್ನು ಒಪ್ಪದೆಯೂ ಅವರ ಅರ್ಥವನ್ನು ಒಪ್ಪಬಹುದು, ಒಪ್ಪಲೇಬೇಕು.

ಕೊಕ್ಕಿನ ಅರ್ಥಕ್ಕೆ ಹೆಚ್ಚು ಹೊತ್ತು ಕೊಡಬೇಕಾಗಿಲ್ಲ. ಸಂಸ್ಕೃತ ಕೋಶಗಳಲ್ಲಿ ಸೃಪಾಟಿಕಾ ಎಂದರೆ ಹಕ್ಕಿಯ ಕೊಕ್ಕು ಎಂಬ ಅರ್ಥವಿದೆ. ಆಧುನಿಕ ಅನುವಾದಕರು ಕೋಶವನ್ನು ತೆರೆದು ಅದನ್ನು ಎತ್ತಿಕೊಂಡಿದ್ದಾರೆ. ಇದಕ್ಕೆ ಬೆಂಬಲವೆಂದು ಸುಶ್ರುತಸಂಹಿತೆಯ ಶಾರೀರಸ್ಥಾನವನ್ನು ತೋರಿಸುವವರೂ ಇದ್ದಾರೆ. ಅಲ್ಲಿ ಹೇಳಿದ ಎಂಟು ಬಗೆಯ ಸಂಧಿಗಳಲ್ಲಿ ‘ವಾಯಸತುಂಡ’, ಎಂದರೆ ಕಾಗೆಯ ಕೊಕ್ಕು, ಎಂಬುದು ಒಂದು ನಿಜ. ಆದರೆ ಅದು ದವಡೆಯ ಎರಡು ಪಕ್ಕದ ಸಂಧಿಗೆ ಮಾತ್ರ ಸಲ್ಲುವ ಹೆಸರು. 210 ಸಂಧಿಗಳಲ್ಲಿ ಎರಡರ ಹೆಸರು ಇಡೀ ಶರೀರದ ಬಂಧಕ್ಕೆ ಹೇಗೆ ಬಂದೀತು? ಸುಶ್ರುತನ ಸಂಧಿಭೇದಗಳು ಒಂದೇ ಶರೀರದ ಬೇರೆ ಬೇರೆ ಅಂಗಗಳಿಗೆ ಸಂಬಂಧಿಸಿದವು. ಸಂಹನನಗಳಾದರೋ ಬೇರೆ ಬೇರೆ ಜೀವಗಳ ಇಡೀ ಶರೀರಕ್ಕೆ. ಈ ಎರಡನ್ನೂ ಒಂದರಮೇಲೊಂದು ಹೊಂದಿಸಲು ಹೊರಡುವುದೇ ತಪ್ಪು. ಹಾಗೆಂದು ಜೈನ ಶಾರೀರವರ್ಣನೆಗೂ ವೈದ್ಯಶಾಸ್ತ್ರಕ್ಕೂ ಸಂಪರ್ಕವಿರಲಿಲ್ಲವೆಂದಲ್ಲ. ಶಿವಾರ್ಯರ ಭಗವತೀ ಆರಾಧನೆಯ ದೇಹವರ್ಣನೆಯಲ್ಲಿ ಬರುವ 300 ಎಲುಬು, 900 ಸ್ನಾಯು, 700 ಸಿರೆ, 500 ಮಾಂಸಪೇಶಿ ಎಂಬ ಲೆಕ್ಕ ಸುಶ್ರುತನ ಲೆಕ್ಕವೂ ಹೌದು. ಸಂಧಿಗಳ ಸಂಖ್ಯೆಯಲ್ಲಿ ಮಾತ್ರ ಇಬ್ಬರೂ ಬೇರೆಯಾಗುತ್ತಾರೆ, ಶಿವಾರ್ಯರದು ಎಲುಬುಗಳಷ್ಟೇ 300.

‘ಸೇವಾರ್ತ’ದ ಮಾತು ಇಷ್ಟು ಸುಲಭವಲ್ಲ. ಧ್ವನಿ ಹೊಂದುತ್ತದೆ, ಪರಂಪರೆಯ ಬೆಂಬಲವಿದೆ, ಕೇಳಲೂ ಚೆನ್ನಾಗಿದೆ. ಪ್ರವಚನದಲ್ಲಿ ‘ನಮ್ಮದು ಸೇವೆ ಬೇಡುವ ಶರೀರ, ದಿನವೂ ಎಣ್ಣೆ ನೀರು ಕಾಣದಿದ್ದರೆ ನಿಲ್ಲದು’ ಎಂದರೆ ಸಭೆ ತಲೆದೂಗುತ್ತದೆ. ಆದರೆ ಶಾಸ್ತ್ರ ಒಪ್ಪುವುದಿಲ್ಲ. ದ್ವೀಂದ್ರಿಯ, ತ್ರೀಂದ್ರಿಯ, ಚತುರಿಂದ್ರಿಯ ಜೀವಗಳಿಗೆ ಇರುವ ಸಂಹನನ ಇದೊಂದೇ ಎಂಬುದನ್ನು ಎರಡು ಸಂಪ್ರದಾಯಗಳೂ ಹೇಳುತ್ತವೆ. ಇರುವೆಗೆ, ದುಂಬಿಗೆ, ಶಂಖದ ಹುಳುವಿಗೆ ಯಾರು ಅಭ್ಯಂಗ ಮಾಡಿಸುತ್ತಾರೆ? ಅವು ಯಾವ ಸೇವೆಗೆ ಆರ್ತವಾಗಿವೆ? ಮನುಷ್ಯನ ಮುಪ್ಪನ್ನು ಮಾತ್ರ ಕಣ್ಣಮುಂದಿಟ್ಟುಕೊಂಡು ಹೇಳಿದ ವ್ಯುತ್ಪತ್ತಿ ಇದು. ಮೇಲಾಗಿ ಉಳಿದ ಐದು ಹೆಸರುಗಳ ಸ್ವರೂಪವನ್ನು ನೋಡಬೇಕು. ವಜ್ರ, ಋಷಭ, ನಾರಾಚ, ಅರ್ಧನಾರಾಚ, ಕೀಲಿಕಾ ಇವೆಲ್ಲ ಬಡಗಿಯ ಅಥವಾ ಕಮ್ಮಾರನ ಕೊಟ್ಟಿಗೆಯಲ್ಲಿ ಕೇಳಬಹುದಾದ ಮಾತುಗಳು: ಪಟ್ಟಿ, ಮೊಳೆ, ಅರೆಮೊಳೆ, ಬೆಣೆ. ಐದು ಕಡೆ ಬಂಧದ ಸಾಧನವನ್ನು ಹೇಳಿದ ಸೂತ್ರಕಾರರು ಆರನೆಯ ಕಡೆ ಇದ್ದಕ್ಕಿದ್ದಂತೆ ರೋಗಿಯ ಶುಶ್ರೂಷೆಯನ್ನು ಹೇಳುವುದು ಅಸಂಭವ.

‘ಛೇದವೃತ್ತ’ಕ್ಕೆ ಈ ದೋಷವಿಲ್ಲ. ಕತ್ತರಿಸಿದ ತುದಿಗಳು ಎದುರುಬದುರಾಗಿ ನಿಂತಿರುವುದು ಎಂಬ ಅರ್ಥ ಬಡಗಿಯ ಪರಿಭಾಷೆಗೂ ಒಪ್ಪುತ್ತದೆ. ಆದರೆ ಅದಕ್ಕೆ ಛಕಾರವೇ ಮೂಲವೆಂದು ಸಾಧಿಸಬೇಕು. ಪ್ರಾಕೃತದಲ್ಲಿ ಶಕಾರ ಸಕಾರಗಳು ಪದಾದಿಯಲ್ಲಿ ಛಕಾರವಾಗುವುದಕ್ಕೆ ಶಿರಾ-ಛಿರಾ, ಶಾವ-ಛಾವ, ಶಮೀ-ಛಮೀ ಎಂಬ ಪ್ರಸಿದ್ಧ ಉದಾಹರಣೆಗಳಿವೆ. ಧವಳೆಯ ಇದೇ ವಾಕ್ಯದಲ್ಲಿ ಸಿರೆಗೆ ‘ಛಿರಾ’ ಎಂಬ ರೂಪ ಬಂದಿದೆ. ಛಕಾರ ಸಕಾರವಾಗುವುದು ಆ ಭಾಷೆಯ ಸ್ವಭಾವವಲ್ಲ. ಆದ್ದರಿಂದ ಸೇವಟ್ಟದಿಂದ ಛೇವಟ್ಟ ಬರುವುದು ಸುಲಭ, ಛೇವಟ್ಟದಿಂದ ಸೇವಟ್ಟ ಬರುವುದು ಕಷ್ಟ. ಸಕಾರಾದಿಯಾದ ರೂಪವೇ ಹಳೆಯದೆಂದು ನಾನು ತೀರ್ಮಾನಿಸುತ್ತೇನೆ. ತುದಿಗಳು ತಾಗುತ್ತವೆಯೆಂಬ ಅರ್ಥ ‘ಛೇದ’ದ ಕಲ್ಪನೆಯೊಡನೆ ಬಂದುದಾದ್ದರಿಂದ ಅದೂ ಆಮೇಲಿನದೇ.

ಹಾಗಾದರೆ ಸೇವಟ್ಟದ ಮೂಲವೇನು? ಒಂದು ಊಹೆಯನ್ನು ವಿದ್ವಾಂಸರ ಮುಂದಿಡುತ್ತೇನೆ. ಹೆಸರುಗಳ ಇಳಿಯುವ ಕ್ರಮವನ್ನು ನೋಡಿದರೆ, ಪಟ್ಟಿಯೂ ಮೊಳೆಯೂ ಇರುವುದು, ಮೊಳೆ ಮಾತ್ರ ಇರುವುದು, ಅರೆಮೊಳೆ ಇರುವುದು, ಬೆಣೆ ಇರುವುದು. ಬೆಣೆಯೂ ಇಲ್ಲದಾಗ ಮನುಷ್ಯ ಮಾಡುವುದೇನು? ಹಗ್ಗದಿಂದ ಕಟ್ಟುತ್ತಾನೆ ಅಥವಾ ಹೊಲಿಯುತ್ತಾನೆ. ಹೊಲಿಗೆಯ ಅರ್ಥವುಳ್ಳ ‘ಸಿವ್’ ಧಾತುವಿನಿಂದ ಸೇವನ, ಸೇವನೀ ಎಂಬ ಶಬ್ದಗಳಿವೆ. ಸುಶ್ರುತನಲ್ಲಿಯೂ ತಲೆ ಮತ್ತು ಸೊಂಟದ ಕಪಾಲಾಸ್ಥಿಗಳ ಸಂಧಿಗೆ ‘ತುನ್ನಸೇವನೀ’ ಎಂದೇ ಹೆಸರು. ಈ ಧಾತುವಿನ ‘ಸೇವ’ ರೂಪಕ್ಕೆ ‘ವಟ್ಟ’ ಸೇರಿ, ಎರಡು ವಕಾರಗಳಲ್ಲಿ ಒಂದು ಲೋಪವಾಗಿ ‘ಸೇವಟ್ಟ’ವಾದರೆ, ‘ಹೊಲಿಗೆಯಿಂದ ನಿಂತಿರುವುದು’ ಎಂಬ ಅರ್ಥ ಬರುತ್ತದೆ. ವೀರಸೇನರ ‘ಸಿರೆಯಿಂದ ಕಟ್ಟಿದ’ ಎಂಬ ವಿವರಣೆಗೆ ಇದಕ್ಕಿಂತ ಹತ್ತಿರವಾದ ವ್ಯುತ್ಪತ್ತಿ ನನಗೆ ತೋರದು. ಆದರೆ ಇದರ ದುರ್ಬಲ ಕೊಂಡಿಯನ್ನು ಮರೆಮಾಚಲಾರೆ. ಹೊಲಿಗೆಯ ಅರ್ಥದಲ್ಲಿ ಕೋಶಗಳು ಕೊಡುವುದು ಸೇವನ, ಸೇವನೀ ಎಂಬ ನಕಾರಾಂತ ರೂಪಗಳನ್ನು. ಅವುಗಳಿಂದ ಹೊರಟರೆ ಪ್ರಾಕೃತದಲ್ಲಿ ಣಕಾರ ಉಳಿಯಬೇಕಿತ್ತು. ಆದ್ದರಿಂದ ಇದನ್ನು ಊಹೆಯೆಂದೇ ಓದಬೇಕು. ಸೇವಟ್ಟವು ಮೂಲ, ಅಸಂಪತ್ತವು ಬಿಡಿ ವಿಶೇಷಣ, ಅರ್ಥ ಸಿರಾಬದ್ಧವೆಂಬುದು ಎಂಬ ಮೂರು ನಿರ್ಣಯಗಳು ಮಾತ್ರ ಈ ಊಹೆಯನ್ನು ಅವಲಂಬಿಸಿಲ್ಲ.

ಇಷ್ಟೆಲ್ಲ ಚರ್ಚೆ ಏಕೆಂದು ಕೇಳುವವರಿಗೆ ಎರಡು ಮಾತು. ಸಂಹನನವು ನಮ್ಮ ಸಿದ್ಧಾಂತದಲ್ಲಿ ಮೂಲೆಯ ವಿಷಯವಲ್ಲ. ಧ್ಯಾನದ ಲಕ್ಷಣವನ್ನು ಹೇಳುವ ತತ್ತ್ವಾರ್ಥಸೂತ್ರವೇ ಉತ್ತಮಸಂಹನನವನ್ನು ಮುಂದಿಟ್ಟುಕೊಂಡು ಆರಂಭವಾಗುತ್ತದೆ, ಮೊದಲ ಮೂರನ್ನು ಪೂಜ್ಯಪಾದರು ಉತ್ತಮವೆನ್ನುತ್ತಾರೆ. ಕರ್ಮಭೂಮಿಯ ಸ್ತ್ರೀಯರಿಗೆ ಕೊನೆಯ ಮೂರೇ ಎಂಬ ಗೊಮ್ಮಟಸಾರದ ಮಾತು ಸ್ತ್ರೀಮುಕ್ತಿಯ ದೀರ್ಘ ವಿವಾದಕ್ಕೆ ಸೇರಿದುದು. ಅಮೋಘವರ್ಷನ ಕಾಲದ ಯಾಪನೀಯ ಶಾಕಟಾಯನರಿಂದ ಪ್ರಭಾಚಂದ್ರರವರೆಗೆ ಆ ವಾದ ನಡೆದುದು ತಿಳಿದೇ ಇದೆ. ಇಂಥ ಭಾರ ಹೊತ್ತ ಪಟ್ಟಿಯಲ್ಲಿ ಒಂದು ಹೆಸರನ್ನು ರೋಗಿಷ್ಠವೆಂದೋ ಕೊಕ್ಕೆಂದೋ ಅನುವಾದಿಸಿದರೆ, ಆಚಾರ್ಯರು ಬಂಧದ ತಾರತಮ್ಯವಾಗಿ ಹೇಳಿದ್ದು ಆರೋಗ್ಯದ ತಾರತಮ್ಯವಾಗಿಬಿಡುತ್ತದೆ. ಇನ್ನು ಕೆಲವರು ಅಕಲಂಕರ ವರ್ಣನೆಯನ್ನು ಇಂದಿನ ಶರೀರಶಾಸ್ತ್ರಕ್ಕೆ ಹೋಲಿಸಿ, ಮೊಣಕಾಲಿನಂಥ ಸಂಧಿಯಲ್ಲಿ ಎಲುಬು ಎಲುಬನ್ನು ನೇರವಾಗಿ ಮುಟ್ಟದೆ ಹೊರಗಿನ ಕಟ್ಟಿನಿಂದ ನಿಲ್ಲುವುದನ್ನು ಆಚಾರ್ಯರು ಮೊದಲೇ ಕಂಡಿದ್ದರೆಂದು ಹೆಮ್ಮೆಪಡುತ್ತಾರೆ. ಹೋಲಿಕೆ ಚೆನ್ನಾಗಿದೆ. ಆದರೆ ಶಬ್ದಾರ್ಥದ ನಿರ್ಣಯಕ್ಕೆ ಅದು ಪ್ರಮಾಣವಲ್ಲ, ಮತ್ತು ಅದೇ ಪಟ್ಟಿಯ ವಜ್ರದ ಮೊಳೆಗಳಿಗೆ ಅವರು ಉತ್ತರ ಹೇಳಬೇಕಾಗುತ್ತದೆ.

ಎರಡನೆಯ ಮಾತು ಹಸ್ತಪ್ರತಿಗಳಿಗೆ ಸಂಬಂಧಿಸಿದ್ದು. ಧವಳೆ ನಮಗೆ ಉಳಿದು ಬಂದುದು ಮೂಡುಬಿದಿರೆಯ ಸಿದ್ಧಾಂತಬಸದಿಯ ತಾಡವಾಲೆಗಳಲ್ಲಿ, ಕನ್ನಡ ಲಿಪಿಯಲ್ಲಿ. 1939ರಲ್ಲಿ ಹೀರಾಲಾಲ್ ಜೈನರ ಸಂಪಾದಕತ್ವದಲ್ಲಿ ಮೊದಲ ಸಂಪುಟ ಹೊರಬಂದಾಗ ಸಂಪಾದಕರ ಕೈಯಲ್ಲಿದ್ದುದು ಆ ಓಲೆಗಳಲ್ಲ, ಅವುಗಳ ಪ್ರತಿಯ ಪ್ರತಿಗಳು. ಮೂಲದ ಪಾಠಗಳನ್ನು ಹೋಲಿಸಿ ನೋಡುವ ಅವಕಾಶ ಮುಂದಿನ ಸಂಪುಟಗಳಿಗೆ ದೊರೆಯಿತು. ಕನ್ನಡ ಲಿಪಿಯ ಪ್ರಾಕೃತ ಓಲೆಗಳನ್ನು ಓದಿದವರು ಎರಡು ಸಂಗತಿಗಳನ್ನು ಬಲ್ಲರು. ಹಳೆಯ ಬರೆಹದಲ್ಲಿ ಎಕಾರ ಏಕಾರಗಳಿಗೆ ಭೇದವಿಲ್ಲ. ದ್ವಿತ್ವವನ್ನು ಅನೇಕ ಕಡೆ ಒತ್ತಕ್ಷರದಿಂದಲ್ಲದೆ ಹಿಂದೆ ಒಂದು ಸೊನ್ನೆಯಿಟ್ಟು ಸೂಚಿಸುತ್ತಾರೆ. ಆ ರೂಢಿಯಂತೆ ಬರೆದ ‘ಸೇವಟ್ಟ’ವನ್ನು ಅರಿಯದವನು ‘ಸೇವಂಟ’ ಎಂದು ಓದಿಯಾನು. ಸೊನ್ನೆ ಮಾಸಿದ್ದರೆ ‘ಸೇವಟ’ ಎಂದು ಓದಿಯಾನು. ಈ ಎರಡನೆಯದೇ ಹೆಚ್ಚು ಅಪಾಯಕಾರಿ. ಏಕೆಂದರೆ ‘ಸೇವಟ’ವು ಸೃಪಾಟಿಕೆಗೆ ಒಂದು ಹೆಜ್ಜೆ ಹತ್ತಿರ. ಸಂಸ್ಕೃತವನ್ನು ತಲೆಯಲ್ಲಿಟ್ಟುಕೊಂಡ ಲಿಪಿಕಾರನೋ ಸಂಪಾದಕನೋ ದ್ವಿತ್ವವನ್ನು ತಪ್ಪೆಂದು ಬಗೆದು ತಿದ್ದಿಬಿಟ್ಟರೆ, ಶಬ್ದದ ಮೂಲವನ್ನು ಹೇಳುವ ಏಕೈಕ ಸಾಕ್ಷ್ಯವೇ ಅಳಿಸಿಹೋಗುತ್ತದೆ.

ಆದಕಾರಣ ಪ್ರಾಕೃತ ಗ್ರಂಥಗಳನ್ನು ಕನ್ನಡಕ್ಕೆ ತರುವವರಲ್ಲಿ ವಿನಂತಿ: ಮೂಲದಲ್ಲಿ ಸೇವಟ್ಟವೆಂದಿರುವಲ್ಲಿ ಸೇವಟ್ಟವೆಂದೇ ಉಳಿಸಬೇಕು. ಪಕ್ಕದಲ್ಲಿ ಅಚ್ಚಾದ ಸಂಸ್ಕೃತ ಛಾಯೆಯಿಂದ ಅನುವಾದಿಸಬಾರದು. ಛಾಯೆ ಕೊಡಲೇಬೇಕಾದರೆ ಅಸಂಪ್ರಾಪ್ತ, ಸೃಪಾಟಿಕಾ ಎಂದು ಎರಡಾಗಿ ಬಿಡಿಸಿ ಬರೆಯಬಹುದು. ‘ಅಸೃಪಾಟಿಕಾ’ ಎಂಬ ಇಲ್ಲದ ಶಬ್ದವನ್ನು ಪದಸೂಚಿಗಳಿಂದ ತೆಗೆದುಹಾಕಬೇಕು. ಅರ್ಥ ಬರೆಯುವಾಗ ‘ಕೂಡದ ಎಲುಬುಗಳನ್ನು ನರಗಳು ಬಿಗಿದಿರುವ ಸಂಹನನ’ ಎಂದರೆ ಸಾಕು. ಪಾಠಶಾಲೆಯ ಗುರುಗಳು ಮೊದಲಿನಿಂದ ಹೇಳಿಕೊಂಡು ಬಂದಿರುವುದೂ ಇದನ್ನೇ.